ಪತ್ರಿಕೆಯ ಚಿತ್ರಗಳು ಪರದೆಗೆ ಬಂದ ಬಗೆ



ನೀವು ಗದಗ-ಬೆಟಗೇರಿಯ ಶಾಲೆಯಲ್ಲಿ ಓದುತ್ತಿರಬಹುದು. ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಯ ಕಾಲೇಜಿನಲ್ಲಿರಬಹುದು. ಪಾಠ ಬೇಸರವಾದಾಗ ನೋಟುಬುಕ್ಕಿನ ಮೂಲೆಯಲ್ಲಿ ಗೀಚದ ವಿದ್ಯಾರ್ಥಿ ಎಲ್ಲಿಯೂ ಇರಲಿಕ್ಕಿಲ್ಲ. ಆ ಕೆಲಸವನ್ನೇ ಇಂದು ಸ್ವಲ್ಪ ಶಿಸ್ತಿನಿಂದ ಮಾಡಿ ನೋಡೋಣ. ಪುಸ್ತಕದ ಕೊನೆಯ ಹಾಳೆಯ ಬಲಮೂಲೆಯಲ್ಲಿ ಕಡ್ಡಿಯಂಥ ಕೈಕಾಲುಗಳ ಒಬ್ಬ ಮನುಷ್ಯನನ್ನು ಬರೆಯಿರಿ. ಅದರ ಹಿಂದಿನ ಹಾಳೆಯಲ್ಲಿ, ಅದೇ ಜಾಗದಲ್ಲಿ, ಅವನ ಕಾಲು ಕೂದಲೆಳೆಯಷ್ಟು ಮುಂದೆ ಬಂದಂತೆ ಬರೆಯಿರಿ. ಹೀಗೆ 32 ಹಾಳೆಗಳಲ್ಲಿ ಬರೆದು, ಹೆಬ್ಬೆರಳಿನಿಂದ ಹಾಳೆಗಳನ್ನು ಸರಸರನೆ ಜಾರಬಿಡಿ. ನಿಮ್ಮ ಮನುಷ್ಯ ನಡೆಯುತ್ತಾನೆ.

ಎಷ್ಟು ಹೊತ್ತು ನಡೆದ? ಸುಮಾರು ಎರಡು ಸೆಕೆಂಡು. ಬರೆಯಲು ನಿಮಗೆ ಹಿಡಿದದ್ದು ಒಂದು ಮಧ್ಯಾಹ್ನ. ಈ ಲೆಕ್ಕವನ್ನು ಮರೆಯಬೇಡಿ. ನಾವು ಇಂದು ನೋಡಲಿರುವ ಚರಿತ್ರೆಯ ಬೀಗದ ಕೈ ಅದರಲ್ಲಿಯೇ ಇದೆ.

ದಿನಪತ್ರಿಕೆಗಳಲ್ಲಿ ಮೂರು ನಾಲ್ಕು ಚೌಕಗಳಲ್ಲಿ ಬರುವ ನಗೆಚಿತ್ರಗಳ ಸಾಲನ್ನು ನೀವು ಕಂಡಿದ್ದೀರಿ. ಅದನ್ನು ಚಿತ್ರಪಟ್ಟಿ ಎಂದು ಕರೆಯೋಣ. ಟೆಲಿವಿಷನ್ನಿನಲ್ಲಿ ಬರುವ ಕಾರ್ಟೂನ್ ಚಿತ್ರಗಳನ್ನೂ ಕಂಡಿದ್ದೀರಿ. ಇವೆರಡೂ ಅಣ್ಣತಮ್ಮಂದಿರು. ಅಮೆರಿಕದಲ್ಲಿ ಮೊದಲ ಕಾರ್ಟೂನ್ ಚಿತ್ರಗಳಲ್ಲಿ ಬಹಳಷ್ಟು ಪತ್ರಿಕೆಯ ಚಿತ್ರಪಟ್ಟಿಗಳಿಂದಲೇ ಹುಟ್ಟಿದವು. ಚಿತ್ರ ಕಾಗದದಿಂದ ಪರದೆಗೆ ಹೇಗೆ ಹೋಯಿತು ಎಂಬುದು ನಮ್ಮ ಮೊದಲ ಪ್ರಶ್ನೆ. ಹಾಗೆ ಹೋಗುವಾಗ ಬರೆದವರ ಹೆಸರು ಏನಾಯಿತು ಎಂಬುದು ಎರಡನೆಯ ಪ್ರಶ್ನೆ.

ತೊಗಲುಗೊಂಬೆಯಿಂದ ಆರಂಭ

ಚಿತ್ರ ಕುಣಿಯಬೇಕು ಎಂಬ ಆಸೆ ಸಿನಿಮಾಕ್ಕಿಂತ ಬಹು ಹಳೆಯದು. ನಮ್ಮ ಉತ್ತರ ಕರ್ನಾಟಕದ ಹಿರಿಯರನ್ನು ಕೇಳಿ ನೋಡಿ. ಬಿಳಿಯ ಪರದೆ ಕಟ್ಟಿ, ಹಿಂದೆ ದೀಪ ಇಟ್ಟು, ಹದಮಾಡಿದ ತೊಗಲಿನ ಬಣ್ಣದ ಗೊಂಬೆಗಳನ್ನು ಆಡಿಸುತ್ತಿದ್ದ ಶಿಳ್ಳೇಕ್ಯಾತ ಕಲಾವಿದರ ನೆನಪನ್ನು ಅವರು ಹೇಳಿಯಾರು. ಗದಗ ಜಿಲ್ಲೆಗೆ ಹೊಂದಿಕೊಂಡಿರುವ ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ ಈ ಕಲೆಗಾಗಿ 2025ರಲ್ಲಿ ಪದ್ಮಶ್ರೀ ಸಂದಿತು.

ತೊಗಲುಗೊಂಬೆಗಳಲ್ಲಿ ಎರಡು ಬಗೆ ಇರುವುದನ್ನು ಗಮನಿಸಬೇಕು. ಕೆಲವು ಒಂದೇ ಪಾತ್ರದವು. ಅವುಗಳ ಕೈಯನ್ನೋ ತಲೆಯನ್ನೋ ಕಡ್ಡಿಯಿಂದ ಆಡಿಸಬಹುದು. ಮತ್ತೆ ಕೆಲವು ಒಂದೇ ತೊಗಲಿನಲ್ಲಿ ಇಡೀ ಸನ್ನಿವೇಶವನ್ನೇ ಕೊರೆದಂಥವು. ರಾಜ, ರಥ, ಕುದುರೆ ಎಲ್ಲವೂ ಅದರೊಳಗೇ. ಈ ಎರಡನೆಯ ಬಗೆ ಪತ್ರಿಕೆಯ ಚಿತ್ರಪಟ್ಟಿಯ ಒಂದು ಚೌಕದ ಹಾಗೆ. ಚಿತ್ರ ನಿಂತಿರುತ್ತದೆ, ಮಾತು ಕಥೆಯನ್ನು ಮುಂದಕ್ಕೆ ಒಯ್ಯುತ್ತದೆ. ಮೊದಲನೆಯ ಬಗೆಯಲ್ಲಿ ಚಿತ್ರವೇ ಚಲಿಸುತ್ತದೆ. ಆದರೆ ಅದನ್ನು ಆಡಿಸುವ ಕೈ ಪರದೆಯ ಹಿಂದೆಯೇ ಇರಬೇಕು. ಆ ಕೈ ಇಲ್ಲದೆಯೂ ಗೊಂಬೆ ಆಡಬೇಕಾದರೆ ಅದರ ಒಂದೊಂದು ನಿಲುವನ್ನೂ ಬೇರೆಬೇರೆಯಾಗಿ ಬರೆದಿಡಬೇಕಾಗುತ್ತದೆ. ಕಾರ್ಟೂನ್ ಚಿತ್ರ ಮಾಡಿದ್ದು ಅದನ್ನೇ.

ಎರಡು ಪತ್ರಿಕೆಗಳ ಜಗಳ

ಈಗ ಸ್ವಲ್ಪ ದೂರ, 1890ರ ದಶಕದ ನ್ಯೂಯಾರ್ಕ್ ನಗರಕ್ಕೆ ಹೋಗೋಣ. ಅಲ್ಲಿ ಜೋಸೆಫ್ ಪುಲಿಟ್ಜರ್ ಮತ್ತು ವಿಲಿಯಂ ರಾಂಡಾಲ್ಫ್ ಹರ್ಸ್ಟ್ ಎಂಬ ಇಬ್ಬರು ಪತ್ರಿಕಾ ಒಡೆಯರ ನಡುವೆ ಭಾರಿ ಪೈಪೋಟಿ. ಹೊರದೇಶಗಳಿಂದ ಬಂದ, ಇಂಗ್ಲಿಷು ಚೆನ್ನಾಗಿ ಬಾರದ ಲಕ್ಷಾಂತರ ಜನ ಆ ನಗರದಲ್ಲಿದ್ದರು. ಅವರಿಗೂ ಪತ್ರಿಕೆ ಮಾರಬೇಕಾದರೆ ಚಿತ್ರ ಬೇಕು. ಬಣ್ಣದ ಮುದ್ರಣವೂ ಆಗಷ್ಟೇ ಕೈಗೆಟುಕಿತ್ತು. ಭಾನುವಾರದ ಪುರವಣಿಯಲ್ಲಿ ಬಣ್ಣದ ನಗೆಚಿತ್ರಗಳು ತುಂಬಿಕೊಂಡವು.

ರಿಚರ್ಡ್ ಔಟ್‌ಕಾಲ್ಟ್ ಎಂಬ ಚಿತ್ರಕಾರನ ಹಳದಿ ಅಂಗಿಯ ಹುಡುಗ 1895ರಿಂದ ಪುಲಿಟ್ಜರನ ‘ವರ್ಲ್ಡ್’ ಪತ್ರಿಕೆಯಲ್ಲಿ ಮನೆಮಾತಾದ. 1896ರಲ್ಲಿ ಹರ್ಸ್ಟ್ ಹೆಚ್ಚು ಹಣ ಕೊಟ್ಟು ಔಟ್‌ಕಾಲ್ಟನನ್ನು ತನ್ನ ಪತ್ರಿಕೆಗೆ ಸೆಳೆದುಕೊಂಡ. ಪುಲಿಟ್ಜರ್ ಸುಮ್ಮನಿರಲಿಲ್ಲ, ಬೇರೊಬ್ಬ ಚಿತ್ರಕಾರನಿಂದ ಅದೇ ಹುಡುಗನನ್ನು ಬರೆಸಿದ. ಒಂದೇ ಹುಡುಗ ಎರಡು ಪತ್ರಿಕೆಗಳಲ್ಲಿ!

ಇಂಥದೇ ಇನ್ನೊಂದು ಜಗಳ ನ್ಯಾಯಾಲಯದವರೆಗೂ ಹೋಯಿತು. ರುಡಾಲ್ಫ್ ಡರ್ಕ್ಸ್ ಎಂಬಾತ 1897ರಲ್ಲಿ ಹರ್ಸ್ಟನ ಪತ್ರಿಕೆಗಾಗಿ ‘ಕ್ಯಾಟ್ಸೆನ್‌ಜಾಮರ್ ಕಿಡ್ಸ್’ ಎಂಬ ಚಿತ್ರಪಟ್ಟಿ ಆರಂಭಿಸಿದ್ದ. ಹಾನ್ಸ್ ಮತ್ತು ಫ್ರಿಟ್ಸ್ ಎಂಬ ಇಬ್ಬರು ತುಂಟ ಹುಡುಗರ ಕಥೆ. 1912ರಲ್ಲಿ ಅವನಿಗೂ ಹರ್ಸ್ಟನಿಗೂ ಮನಸ್ತಾಪವಾಯಿತು. ಕೊನೆಗೆ ಬಂದ ತೀರ್ಪು ವಿಚಿತ್ರವಾಗಿತ್ತು. ಚಿತ್ರಪಟ್ಟಿಯ ಹೆಸರು ಹರ್ಸ್ಟನಿಗೆ. ಅದೇ ಪಾತ್ರಗಳನ್ನು ಬೇರೆ ಹೆಸರಿನಲ್ಲಿ ಬರೆಯುವ ಹಕ್ಕು ಡರ್ಕ್ಸನಿಗೆ. ಒಂದೇ ಜೋಡಿ ಹುಡುಗರು ಎರಡು ಮನೆಯವರಾದರು.

ಚಿತ್ರದಲ್ಲಿರುವ ಪಾತ್ರ ಯಾರದು? ಕೈಯಿಂದ ಬರೆದವನದೋ, ಕಾಗದ ಮತ್ತು ಶಾಯಿಗೆ ಹಣ ಕೊಟ್ಟವನದೋ? ಈ ಪ್ರಶ್ನೆ ಕಾರ್ಟೂನ್ ಸಿನಿಮಾ ಬರುವ ಮೊದಲೇ ಹುಟ್ಟಿತ್ತು ಎಂಬುದನ್ನು ನೆನಪಿಡಿ.

ನಾಲ್ಕು ಸಾವಿರ ಚಿತ್ರ, ನಾಲ್ಕು ನಿಮಿಷ

‘ನ್ಯೂಯಾರ್ಕ್ ಹೆರಾಲ್ಡ್’ ಪತ್ರಿಕೆಯಲ್ಲಿ 1905ರ ಅಕ್ಟೋಬರ್ 15ರಿಂದ ‘ಲಿಟ್ಲ್ ನೀಮೊ’ ಎಂಬ ಚಿತ್ರಪಟ್ಟಿ ಬರತೊಡಗಿತು. ನೀಮೊ ಎಂಬ ಬಾಲಕ ಪ್ರತಿ ರಾತ್ರಿ ಕನಸಿನ ರಾಜ್ಯಕ್ಕೆ ಹೋಗುತ್ತಾನೆ. ಅವನ ಮಂಚಕ್ಕೆ ಉದ್ದನೆಯ ಕಾಲು ಬೆಳೆದು ಊರ ಮೇಲೆ ನಡೆಯುತ್ತದೆ. ಕೊನೆಯ ಚೌಕದಲ್ಲಿ ಹುಡುಗ ಎಚ್ಚರವಾಗುತ್ತಾನೆ. ಇದನ್ನು ಬರೆದವನು ವಿನ್ಸರ್ ಮೆಕೇ. ಕಟ್ಟಡ, ಮೋಡ, ಆನೆ, ಏನನ್ನು ಬರೆದರೂ ಅಳತೆ ತಪ್ಪದ ಕೈ ಅವನದು.

ತನ್ನ ಮಗ ಮನೆಗೆ ತಂದಿದ್ದ, ನಾವು ಮೊದಲು ಮಾಡಿದಂಥ ಒಂದು ಹಾಳೆ ಜಾರಿಸುವ ಪುಸ್ತಕವನ್ನು ನೋಡಿ ತನಗೆ ಈ ವಿಚಾರ ಹೊಳೆಯಿತು ಎಂದು ಮೆಕೇ ಹೇಳಿಕೊಂಡಿದ್ದಾನೆ. ತೆಳುವಾದ, ಅಡಿಯ ಗೆರೆ ಮೇಲೆ ಕಾಣುವಂಥ ಕಾಗದ ತೆಗೆದುಕೊಂಡ. ಒಂದು ಚಿತ್ರದ ಮೇಲೆ ಇನ್ನೊಂದು ಹಾಳೆ ಇಟ್ಟು, ಮೂಲೆಗಳಲ್ಲಿ ಗುರುತು ಹಾಕಿ, ಒಂದೊಂದನ್ನೂ ಅಷ್ಟಷ್ಟೇ ಬದಲಿಸಿ ಬರೆದ. ಆ ಗುರುತು ಏಕೆ ಬೇಕು? ಹಾಳೆ ಎಳ್ಳಷ್ಟು ಜರುಗಿದರೂ ಪರದೆಯ ಮೇಲೆ ಚಿತ್ರ ನಡುಗುತ್ತದೆ. ಮುದ್ರಣಾಲಯದಲ್ಲಿ ಒಂದು ಬಣ್ಣದ ಮೇಲೆ ಇನ್ನೊಂದು ಬಣ್ಣ ಸರಿಯಾಗಿ ಕೂರದಿದ್ದರೆ ಏನಾಗುತ್ತದೆಂದು ಗದಗಿನ ಪ್ರೆಸ್ಸುಗಳಲ್ಲಿ ಕೆಲಸ ಮಾಡಿದವರನ್ನು ಕೇಳಿ, ತಕ್ಷಣ ಅರ್ಥವಾಗುತ್ತದೆ.

ಮೆಕೇ ಬರೆದ ಚಿತ್ರಗಳು ಸುಮಾರು 4,000. ಅಂದಿನ ಮೂಕಿ ಸಿನಿಮಾ ಸೆಕೆಂಡಿಗೆ ಸುಮಾರು 16 ಚೌಕಟ್ಟುಗಳ ವೇಗದಲ್ಲಿ ಓಡುತ್ತಿತ್ತು. ಭಾಗಿಸಿ ನೋಡಿ: 250 ಸೆಕೆಂಡು, ಅಂದರೆ ನಾಲ್ಕು ನಿಮಿಷಕ್ಕಿಂತ ತುಸು ಹೆಚ್ಚು. ಈ ಚಿತ್ರ 1911ರ ಏಪ್ರಿಲ್‌ನಲ್ಲಿ ವಿಟಾಗ್ರಾಫ್ ಕಂಪನಿಯಿಂದ ಬಿಡುಗಡೆಯಾಯಿತು. ಮೆಕೇ ಅದನ್ನು ತನ್ನ ರಂಗಪ್ರದರ್ಶನಗಳಲ್ಲಿಯೂ ತೋರಿಸಿದ.

ಆ ಚಿತ್ರದಲ್ಲಿ ಕಥೆ ಇಲ್ಲ. ಹಿನ್ನೆಲೆಯೂ ಇಲ್ಲ. ನೀಮೊ, ಅವನ ಗೆಳೆಯರು ಖಾಲಿ ಜಾಗದಲ್ಲಿ ಬರುತ್ತಾರೆ, ಉದ್ದವಾಗುತ್ತಾರೆ, ಗಿಡ್ಡವಾಗುತ್ತಾರೆ, ನೀಮೊ ಮತ್ತು ರಾಜಕುಮಾರಿ ಹಸಿರು ಡ್ರ್ಯಾಗನ್ನಿನ ಬಾಯಲ್ಲಿ ಕುಳಿತು ಹೋಗುತ್ತಾರೆ. ಅಷ್ಟೇ. ಪತ್ರಿಕೆಯಲ್ಲಿ ಅರಮನೆ, ಬೀದಿ, ಆಕಾಶ ಎಲ್ಲವನ್ನೂ ಬರೆದವನು ಇಲ್ಲಿ ಏಕೆ ಬಿಟ್ಟ? ನಮ್ಮ ಮಧ್ಯಾಹ್ನದ ಲೆಕ್ಕವೇ ಉತ್ತರ. ಒಂದು ಅರಮನೆಯನ್ನು ಒಮ್ಮೆ ಬರೆಯಬಹುದು. ನಾಲ್ಕು ಸಾವಿರ ಬಾರಿ ಬರೆಯುವುದು ಹೇಗೆ?

ಆದರೆ ಆ ಚಿತ್ರದ ಹೆಸರಿನಲ್ಲಿಯೇ ಮೆಕೇಯ ಹೆಸರಿತ್ತು. ಚಿತ್ರದ ಆರಂಭದಲ್ಲಿ ಅವನೇ ಕಾಣಿಸಿಕೊಳ್ಳುತ್ತಾನೆ. ರಾಶಿರಾಶಿ ಕಾಗದ, ಪೀಪಾಯಿಗಟ್ಟಲೆ ಶಾಯಿ ತರಿಸುತ್ತಾನೆ. ಅದು ತಮಾಷೆಯ ದೃಶ್ಯ. ಆದರೂ ಇದರ ಹಿಂದೆ ಒಬ್ಬ ಮನುಷ್ಯ ಇದ್ದಾನೆ, ಅವನು ದುಡಿದಿದ್ದಾನೆ ಎಂಬುದು ನೋಡಿದವರಿಗೆಲ್ಲ ತಿಳಿಯುತ್ತಿತ್ತು.

ಕೈಯಿಂದ ಕಾರ್ಖಾನೆಗೆ

ಮೆಕೇಯಂತೆ ಒಬ್ಬನೇ ಕುಳಿತು ಬರೆದರೆ ವರ್ಷಕ್ಕೆ ಒಂದು ಚಿತ್ರ ಆದೀತು. ಸಿನಿಮಾ ಮಂದಿರಗಳಿಗೆ ಬೇಕಾದದ್ದು ವಾರಕ್ಕೊಂದು. ಫ್ರಾನ್ಸಿನಲ್ಲಿ 1908ರಲ್ಲಿಯೇ ಗೆರೆಚಿತ್ರಗಳ ಸಿನಿಮಾ ಮಾಡಿದ್ದ ಎಮಿಲ್ ಕೋಲ್ ಅಮೆರಿಕಕ್ಕೆ ಬಂದು, ಜಾರ್ಜ್ ಮೆಕ್‌ಮಾನಸನ ‘ನ್ಯೂಲಿವೆಡ್ಸ್’ ಚಿತ್ರಪಟ್ಟಿಯನ್ನು 1913ರಿಂದ ಸರಣಿಯಾಗಿ ಪರದೆಗೆ ತಂದ. ಪತ್ರಿಕೆಯ ಚಿತ್ರಪಟ್ಟಿಯಿಂದ ಬಂದ ಮೊದಲ ಕಾರ್ಟೂನ್ ಸರಣಿ ಇದು. ಅದರ ಬಹುಪಾಲು ಚಿತ್ರಗಳು ಇಂದು ಉಳಿದಿಲ್ಲ. ಆ ಕಾಲದ ಫಿಲ್ಮ್ ನೈಟ್ರೇಟಿನದು. ಬೇಗ ಹಾಳಾಗುತ್ತಿತ್ತು, ಬೆಂಕಿ ತಾಗಿದರೆ ಭಗ್ಗನೆ ಉರಿಯುತ್ತಿತ್ತು. ಕೋಲ್ ಕೆಲಸ ಮಾಡಿದ ಕಂಪನಿಯ ಕಟ್ಟಡಕ್ಕೂ 1914ರಲ್ಲಿ ಬೆಂಕಿ ಬಿತ್ತು.

ಬೇಗ ಬರೆಯುವುದು ಹೇಗೆ? ಕೆಲವೇ ವರ್ಷಗಳಲ್ಲಿ ಮೂರು ಉಪಾಯಗಳು ಬಂದವು.

ಮೊದಲನೆಯದು ರಾವುಲ್ ಬಾರೆ ಬಳಸಿದ್ದು. ಹಾಳೆಗಳಿಗೆ ಒಂದೇ ಅಳತೆಯ ತೂತು ಹಾಕಿ, ಮೇಜಿನ ಮೇಲಿನ ಗೂಟಗಳಿಗೆ ಸಿಕ್ಕಿಸುವುದು. ಹಾಳೆ ಜರುಗುವ ಮಾತೇ ಇಲ್ಲ. ಎರಡನೆಯದೂ ಅವನದೇ: ಹಿನ್ನೆಲೆಯ ಹಾಳೆಯಲ್ಲಿ ಪಾತ್ರ ಓಡಾಡುವಷ್ಟು ಜಾಗವನ್ನು ಕತ್ತರಿಸಿ ತೆಗೆಯುವುದು. ಮೂರನೆಯದು ಅರ್ಲ್ ಹರ್ಡ್ ಎಂಬಾತ 1914ರಲ್ಲಿ ಕಂಡುಕೊಂಡದ್ದು. ಗಾಜಿನಂತೆ ಪಾರದರ್ಶಕವಾದ ಸೆಲ್ಯುಲಾಯ್ಡ್ ಹಾಳೆಯ ಮೇಲೆ ಚಲಿಸುವ ಪಾತ್ರವನ್ನಷ್ಟೇ ಬರೆದು, ಅದನ್ನು ಹಿನ್ನೆಲೆಯ ಚಿತ್ರದ ಮೇಲಿಟ್ಟು ಕ್ಯಾಮೆರಾದಿಂದ ತೆಗೆಯುವುದು. ಅರಮನೆಯನ್ನು ಒಮ್ಮೆ ಬರೆದರೆ ಸಾಕು! ಹರ್ಡ್ ಮತ್ತು ಜಾನ್ ರಾಂಡಾಲ್ಫ್ ಬ್ರೇ ಇಬ್ಬರೂ ತಮ್ಮ ಪೇಟೆಂಟುಗಳನ್ನು ಕೂಡಿಸಿ ಉಳಿದವರಿಂದ ಹಣ ಪಡೆಯತೊಡಗಿದರು. ಕಂಪ್ಯೂಟರ್ ಬರುವವರೆಗೂ ಜಗತ್ತಿನ ಕಾರ್ಟೂನ್ ಚಿತ್ರಗಳಲ್ಲಿ ಹೆಚ್ಚಿನವು ಈ ಸೆಲ್ಯುಲಾಯ್ಡ್ ವಿಧಾನದಲ್ಲಿಯೇ ತಯಾರಾದವು.

ಈ ಉಪಾಯಗಳ ಜೊತೆಗೆ ಕೆಲಸದ ಹಂಚಿಕೆ ಬಂತು. ಮುಖ್ಯ ನಿಲುವುಗಳನ್ನು ಒಬ್ಬ ಬರೆಯುತ್ತಾನೆ. ಅವುಗಳ ನಡುವಿನ ಚಿತ್ರಗಳನ್ನು ಇನ್ನೊಬ್ಬ ತುಂಬುತ್ತಾನೆ. ಮತ್ತೊಬ್ಬರು ಶಾಯಿಯಲ್ಲಿ ತಿದ್ದುತ್ತಾರೆ, ಮಗದೊಬ್ಬರು ಬಣ್ಣ ತುಂಬುತ್ತಾರೆ. ಬೆಟಗೇರಿಯ ನೇಕಾರರ ಮನೆ ನೋಡಿದವರಿಗೆ ಇದು ಹೊಸದಲ್ಲ. ನೂಲಿಗೆ ಬಣ್ಣ ಹಾಕುವವರು, ಹಾಸು ಹೂಡುವವರು, ಕಂಡಿಕೆ ಸುತ್ತುವವರು, ಮಗ್ಗದಲ್ಲಿ ಕೂರುವವರು ಇಷ್ಟು ಕೈ ದಾಟಿಯೇ ಒಂದು ಸೀರೆ ಆಗುತ್ತದೆ. ಸೀರೆಯ ಮಡಿಕೆಗೆ ಅಂಟಿಸಿದ ಚೀಟಿಯಲ್ಲಿ ಯಾರ ಹೆಸರು ಇರುತ್ತದೆ, ಯೋಚಿಸಿ.

ಮಾತು ಕಳೆದುಕೊಂಡ ಬೆಕ್ಕು

ಪತ್ರಿಕೆಯ ಒಡೆಯ ಹರ್ಸ್ಟ್ 1915ರಲ್ಲಿ ತನ್ನದೇ ಕಾರ್ಟೂನ್ ಚಿತ್ರಶಾಲೆ ತೆರೆದ. ಅವನ ಪತ್ರಿಕೆಗಳ ಚಿತ್ರಪಟ್ಟಿಗಳು ಅವನದೇ ಸ್ವತ್ತಾಗಿದ್ದವು. ಅವನ್ನೇ ಸಿನಿಮಾ ಮಾಡಿ ವಾರ್ತಾಚಿತ್ರಗಳ ಜೊತೆಗೆ ತೋರಿಸಿದರೆ ಎರಡು ಕಡೆ ಲಾಭ. ಗ್ರೆಗೊರಿ ಲಾ ಕಾವಾ ಎಂಬ ಯುವಕ ಅದರ ಮುಖ್ಯಸ್ಥನಾದ. ಹದಿಹರೆಯದ ವಾಲ್ಟರ್ ಲ್ಯಾಂಟ್ಸ್ ಎಂಬಾತನೂ ಅಲ್ಲಿ ಕೆಲಸ ಕಲಿತ. ಮುಂದೆ ಮರಕುಟಿಗ ಹಕ್ಕಿ ‘ವುಡಿ ವುಡ್‌ಪೆಕರ್’ನಿಂದ ಹೆಸರಾದವನು ಅವನೇ.

ಈ ಶಾಲೆಯಿಂದ 1916ರಲ್ಲಿ ‘ಕ್ರೇಜಿ ಕ್ಯಾಟ್’ ಚಿತ್ರಗಳು ಬಂದವು. ಮೂಲ ಚಿತ್ರಪಟ್ಟಿ ಜಾರ್ಜ್ ಹೆರಿಮನನದು. ಒಂದು ಬೆಕ್ಕು ಒಂದು ಇಲಿಯನ್ನು ಪ್ರೀತಿಸುತ್ತದೆ. ಇಲಿ ಬೆಕ್ಕಿನ ತಲೆಗೆ ಇಟ್ಟಿಗೆ ಎಸೆಯುತ್ತದೆ. ಅದನ್ನೇ ಪ್ರೀತಿಯ ಗುರುತೆಂದು ಬೆಕ್ಕು ನಂಬುತ್ತದೆ. ನಾಯಿ ಪೊಲೀಸ ಇಲಿಯನ್ನು ಹಿಡಿದು ಜೈಲಿಗೆ ಹಾಕುತ್ತದೆ. ಇಷ್ಟೇ ಕಥೆ. ಆದರೆ ಹೆರಿಮನ್ ಬೆಕ್ಕಿನ ಬಾಯಲ್ಲಿ ಇಟ್ಟ ಭಾಷೆ, ಹಲವು ನುಡಿಗಳು ಬೆರೆತ ಆ ಮುದ್ದು ತೊದಲು, ಓದುಗರನ್ನು ಹಿಡಿದು ನಿಲ್ಲಿಸುತ್ತಿತ್ತು. ಹಿನ್ನೆಲೆಯ ಮರುಭೂಮಿ ಒಂದು ಚೌಕದಿಂದ ಇನ್ನೊಂದಕ್ಕೆ ಬದಲಾಗುತ್ತಿತ್ತು.

ಸಿನಿಮಾದಲ್ಲಿ ಏನಾಯಿತು? ಮೂಕಿ ಚಿತ್ರ, ಮಾತು ಹೋಯಿತು. ಖರ್ಚಿನ ಲೆಕ್ಕ, ಮರುಭೂಮಿಯೂ ಹೋಯಿತು. ಉಳಿದದ್ದು ಓಡಾಟ ಮತ್ತು ಏಟು. ಮೊದಲು ಬೆಕ್ಕು ನಿಂತಿದ್ದರೂ ಓದುಗನ ಮನಸ್ಸು ಚಲಿಸುತ್ತಿತ್ತು. ಈಗ ಬೆಕ್ಕು ಓಡಿತು, ನೋಡುವವನ ಮನಸ್ಸಿಗೆ ಕೆಲಸ ಉಳಿಯಲಿಲ್ಲ. ಕಾದಂಬರಿಯನ್ನು ಸಿನಿಮಾ ಮಾಡಿದಾಗ ನಾವು ಗೊಣಗುತ್ತೇವಲ್ಲ, ಆ ಗೊಣಗಾಟದ ಬೇರು ಇಲ್ಲಿಯೂ ಇದೆ. ಹರ್ಸ್ಟನ ಚಿತ್ರಶಾಲೆ 1918ರ ಜುಲೈನಲ್ಲಿ ಮುಚ್ಚಿತು. ಮೊದಲ ಮಹಾಯುದ್ಧದ ಆ ದಿನಗಳಲ್ಲಿ ಜರ್ಮನ್ ಹೆಸರೇ ಬೇಡವಾಗಿ, ಹರ್ಸ್ಟನ ಪತ್ರಿಕೆಗಳಲ್ಲಿ ‘ಕ್ಯಾಟ್ಸೆನ್‌ಜಾಮರ್’ ಹುಡುಗರೂ ಕೆಲಕಾಲ ಬೇರೆ ಹೆಸರು ಇಟ್ಟುಕೊಳ್ಳಬೇಕಾಯಿತು.

ಹಕ್ಕು ಉಳಿಸಿಕೊಂಡವನು, ಹೆಸರು ಕಳೆದುಕೊಂಡವರು

ಒಡೆಯರ ಎದುರು ಗೆದ್ದ ಒಬ್ಬ ಚಿತ್ರಕಾರನೂ ಇದ್ದಾನೆ. ಅವನೇ ಬಡ್ ಫಿಷರ್. 1907ರ ನವೆಂಬರ್ 15ರಿಂದ ಸ್ಯಾನ್‌ಫ್ರಾನ್ಸಿಸ್ಕೊದ ಪತ್ರಿಕೆಯೊಂದರಲ್ಲಿ ಆರಂಭವಾದ ಅವನ ಚಿತ್ರಪಟ್ಟಿ ಮುಂದೆ ‘ಮಟ್ ಅಂಡ್ ಜೆಫ್’ ಎಂದು ಹೆಸರಾಯಿತು. ಒಬ್ಬ ಎತ್ತರ, ಒಬ್ಬ ಗಿಡ್ಡ. ಫಿಷರ್ ಜಾಣ. ಮೊದಲ ದಿನಗಳಲ್ಲಿಯೇ ಹಕ್ಕು ತನ್ನದೆಂದು ಚಿತ್ರದಲ್ಲಿಯೇ ಬರೆದುಬಿಟ್ಟ. ಆದ್ದರಿಂದ ಪತ್ರಿಕೆ ಬದಲಿಸಿದರೂ ಪಾತ್ರಗಳು ಅವನ ಜೊತೆಗೇ ಬಂದವು, ಅವನನ್ನು ಶ್ರೀಮಂತನನ್ನಾಗಿ ಮಾಡಿದವು.

ಆದರೆ ಕಥೆ ಇಲ್ಲಿಗೆ ಮುಗಿಯುವುದಿಲ್ಲ. 1916ರಿಂದ ಅವನ ಜೋಡಿ ಸಿನಿಮಾಕ್ಕೆ ಬಂತು; ಮುಂದಿನ ಹತ್ತು ವರ್ಷಗಳಲ್ಲಿ ಸುಮಾರು 300 ಕಿರುಚಿತ್ರಗಳು ತಯಾರಾದವು. ಅವನ್ನು ಮಾಡಿದವರು ಬಾರೆ, ಚಾರ್ಲ್ಸ್ ಬವರ್ಸ್ ಮತ್ತು ಅವರ ಕೈಕೆಳಗಿನ ಚಿತ್ರಕಾರರು. ಪರದೆಯ ಮೇಲೆ ದೊಡ್ಡದಾಗಿ ಮೆರೆದದ್ದು ಮಾತ್ರ ಫಿಷರನ ಹೆಸರು. ತನ್ನ ಹೆಸರಿಗಾಗಿ ಅಷ್ಟು ಹೋರಾಡಿದವನು, ತನಗಾಗಿ ಬರೆದವರ ಹೆಸರನ್ನು ಮರೆತ. ಒಡೆಯರು ಮಾತ್ರ ಹಾಗೆ ಮಾಡುತ್ತಾರೆ ಎಂದುಕೊಂಡಿದ್ದರೆ ನಾವು ತಿದ್ದಿಕೊಳ್ಳಬೇಕು.

ಸಾಲು ಮುರಿದದ್ದು 1937ರಲ್ಲಿ. ಇ. ಸಿ. ಸೀಗರ್ ಎಂಬ ಚಿತ್ರಕಾರ 1919ರಲ್ಲಿ ಆರಂಭಿಸಿದ್ದ ಚಿತ್ರಪಟ್ಟಿಯೊಳಗೆ ಹತ್ತು ವರ್ಷಗಳ ಬಳಿಕ, 1929ರ ಜನವರಿ 17ರಂದು, ಒಬ್ಬ ಒಕ್ಕಣ್ಣ ನಾವಿಕ ಕಾಲಿಟ್ಟ. ಅವನೇ ಪಾಪೈ. ಮ್ಯಾಕ್ಸ್ ಫ್ಲೈಶರನ ಚಿತ್ರಶಾಲೆ 1933ರಲ್ಲಿ ಅವನನ್ನು ಪರದೆಗೆ ತಂದಿತು. ಆಗ ಮಾತು, ಹಾಡು ಎಲ್ಲವೂ ಸಿನಿಮಾಕ್ಕೆ ಬಂದಿದ್ದವು. ಪತ್ರಿಕೆಯಲ್ಲಿ ಅಪರೂಪಕ್ಕೆ ತಿನ್ನುತ್ತಿದ್ದ ಪಾಲಕ್ ಸೊಪ್ಪು ಸಿನಿಮಾದಲ್ಲಿ ಪ್ರತಿ ಸಲದ ಮದ್ದಾಯಿತು. ಸಿನಿಮಾ ಇಲ್ಲಿ ಪಾತ್ರಕ್ಕೆ ಹೊಸದನ್ನು ಕೂಡಿಸಿತು. ಇಂದು ನಮಗೆ ನೆನಪಿರುವ ಪಾಪೈ ಆ ಪರದೆಯ ಪಾಪೈ.

ಅದೇ ಚಿತ್ರಶಾಲೆಯಲ್ಲಿ ನಡುವಿನ ಚಿತ್ರ ತುಂಬುವವರು, ಶಾಯಿ ತಿದ್ದುವವರು, ಬಣ್ಣ ಹಚ್ಚುವವರು ಕಡಿಮೆ ಸಂಬಳಕ್ಕೆ ಹೆಚ್ಚು ದುಡಿಯುತ್ತಿದ್ದರು. 1937ರ ಮೇ ತಿಂಗಳಿನಲ್ಲಿ ಅವರು ಮುಷ್ಕರ ಹೂಡಿದರು. ಜನರನ್ನು ನಗಿಸುವ ನಮ್ಮ ಸಂಬಳವೇ ದೊಡ್ಡ ನಗೆಪಾಟಲು ಎಂಬ ಅರ್ಥದ ಫಲಕ ಹಿಡಿದು ನ್ಯೂಯಾರ್ಕಿನ ಬೀದಿಯಲ್ಲಿ ನಿಂತರು. ಅಕ್ಟೋಬರಿನವರೆಗೆ, ಐದು ತಿಂಗಳು ನಡೆಯಿತು. ಕೊನೆಗೆ ಸಂಘಕ್ಕೆ ಮಾನ್ಯತೆ ಸಿಕ್ಕಿತು, ಸಂಬಳ ಏರಿತು. ಅಮೆರಿಕದ ಕಾರ್ಟೂನ್ ಉದ್ಯಮದ ಮೊದಲ ದೊಡ್ಡ ಮುಷ್ಕರ ಇದು. ಪಾಪೈಯ ಕೈಗೆ ಬಲ ತುಂಬಿದ ಕೈಗಳು ತಮ್ಮ ಬಲ ತಿಳಿದುಕೊಂಡದ್ದು ಆಗ.

ತಿರುಗಿ ಬಂದ ದಾರಿ, ನಮ್ಮ ದಾರಿ

ಈ ನಡುವೆ ದಾರಿ ತಿರುಗಿತು. 1919ರಲ್ಲಿ ಸಿನಿಮಾಕ್ಕಾಗಿಯೇ ಹುಟ್ಟಿದ ಬೆಕ್ಕು ಫೀಲಿಕ್ಸ್ 1923ರಲ್ಲಿ ಪತ್ರಿಕೆಗೆ ಬಂತು. 1928ರಲ್ಲಿ ಪರದೆಗೆ ಬಂದ ಮಿಕ್ಕಿ ಮೌಸ್ 1930ರ ಜನವರಿಯಿಂದ ಚಿತ್ರಪಟ್ಟಿಯಾಯಿತು. ಮೊದಲು ಸಿನಿಮಾ ಪತ್ರಿಕೆಯಿಂದ ಸಾಲ ತಂದಿತ್ತು. ಈಗ ಪತ್ರಿಕೆಯೇ ಸಿನಿಮಾದಿಂದ ಸಾಲ ತಂದಿತು.

ನಮ್ಮ ದೇಶದಲ್ಲಿ ಕಥೆ ಬೇರೆ. ದಾದಾಸಾಹೇಬ್ ಫಾಲ್ಕೆಯವರು 1912ರ ಹೊತ್ತಿಗೆ ಬಟಾಣಿ ಗಿಡ ಬೆಳೆಯುವುದನ್ನು ಒಂದೊಂದು ಚೌಕಟ್ಟಾಗಿ ಸೆರೆಹಿಡಿದಿದ್ದರು. 1915ರಲ್ಲಿ ಬೆಂಕಿಕಡ್ಡಿಗಳನ್ನು ಕುಣಿಸಿದರು. ಅಂದರೆ ಉಪಾಯ ನಮಗೂ ಗೊತ್ತಿತ್ತು. ಆದರೆ ಸಾವಿರಾರು ಚಿತ್ರ ಬರೆಸಬಲ್ಲ ಹರ್ಸ್ಟನಂಥ ಪತ್ರಿಕಾ ಸಾಮ್ರಾಜ್ಯ ನಮ್ಮಲ್ಲಿ ಇರಲಿಲ್ಲ. ನಮ್ಮ ನಗೆಚಿತ್ರ ಕಾಗದದ ಮೇಲೆಯೇ ಬೆಳೆಯಿತು. ಡಾ. ಎಂ. ಶಿವರಾಂ, ಅಂದರೆ ‘ರಾಶಿ’ಯವರು 1942ರಲ್ಲಿ ಆರಂಭಿಸಿದ ‘ಕೊರವಂಜಿ’ಯಲ್ಲಿ ಮೈಸೂರಿನ ಯುವಕ ಆರ್. ಕೆ. ಲಕ್ಷ್ಮಣ್ ಚಿತ್ರ ಬರೆದರು. ಅವರು 1951ರಲ್ಲಿ ರೂಪಿಸಿದ, ಚೌಕಳಿ ಕೋಟಿನ ‘ಶ್ರೀಸಾಮಾನ್ಯ’ ಹಲವು ದಶಕ ಒಂದೇ ಒಂದು ಚೌಕದಲ್ಲಿ ನಿಂತು ನೋಡಿದ. ಓಡಲಿಲ್ಲ, ಮಾತೂ ಆಡಲಿಲ್ಲ. ಆದರೂ ಓದುಗರ ಮನಸ್ಸನ್ನು ಅಲುಗಿಸಿದ. ಕ್ರೇಜಿ ಕ್ಯಾಟ್ ಕಲಿಸಿದ ಪಾಠವನ್ನು ಅವನೂ ಕಲಿಸುತ್ತಾನೆ: ಚಲನೆಯೊಂದೇ ಜೀವವಲ್ಲ.

ಅಂಕಿತದ ಮಾತು

ಕೊನೆಯದಾಗಿ ನಮ್ಮ ಗದಗಿಗೇ ಬರೋಣ. ಕುಮಾರವ್ಯಾಸ ತನ್ನ ಭಾರತವನ್ನು ಗದುಗಿನ ವೀರನಾರಾಯಣನ ಅಂಕಿತದಲ್ಲಿ ರಚಿಸಿದ; ಕಾವ್ಯದ ಕರ್ತೃತ್ವವನ್ನು ದೇವರಿಗೇ ಒಪ್ಪಿಸಿ, ತಾನು ಬರೆದುಕೊಳ್ಳುವ ಲಿಪಿಕಾರ ಮಾತ್ರ ಎಂದು ಹೇಳಿಕೊಂಡ. ಅದು ಅವನ ಭಕ್ತಿ. ಹೆಸರನ್ನು ಅವನೇ ಮನಸಾರೆ ಬಿಟ್ಟುಕೊಟ್ಟ. ನಾವು ಇಂದಿಗೂ ಅವನ ಹೆಸರನ್ನು ಮರೆತಿಲ್ಲ. ಚಿತ್ರಶಾಲೆಯ ಮೂಲೆಯಲ್ಲಿ ಕುಳಿತು ನಡುವಿನ ಚಿತ್ರ ತುಂಬಿದವರು ಹೀಗೆ ಬಿಟ್ಟುಕೊಟ್ಟವರಲ್ಲ. ಅವರನ್ನು ಯಾರೂ ಕೇಳಲೇ ಇಲ್ಲ.

ಮುಂದಿನ ಬಾರಿ ಕಾರ್ಟೂನ್ ಚಿತ್ರ ನೋಡುವಾಗ, ಅದು ಟೆಲಿವಿಷನ್ನಿನಲ್ಲಿರಲಿ, ಮೊಬೈಲಿನಲ್ಲಿರಲಿ, ಕೊನೆಯಲ್ಲಿ ಓಡುವ ಹೆಸರುಗಳ ಸಾಲಿಗೆ ಒಂದು ನಿಮಿಷ ಕೊಡಿ. ಮೆಕೇಯ 1911ರ ಚಿತ್ರ ಇಂದು ಯಾರು ಬೇಕಾದರೂ ನೋಡುವಂತೆ ಸಿಗುತ್ತದೆ, ಅದನ್ನೂ ನೋಡಿ. ಆಮೇಲೆ ನಿಮ್ಮ ನೋಟುಬುಕ್ಕಿನ ಮನುಷ್ಯನಿಗೆ ಇನ್ನೂ 32 ಹಾಳೆ ಬರೆಯಿರಿ. ಗೆಳೆಯನೋ ಗೆಳತಿಯೋ ನೆರವಾದರೆ ಕೊನೆಯ ಹಾಳೆಯಲ್ಲಿ ಇಬ್ಬರ ಹೆಸರನ್ನೂ ಬರೆಯಲು ಮರೆಯಬೇಡಿ.